ಕಡಲಿನ ಸುಳಿವುಗಳು ಮತ್ತು ಅಕ್ಷರದ ಮನೆ: ಪದಬಂಧದಲ್ಲಿ ಬರಹದ ಘಟಕ

ಸಾರಾಂಶ

ಗೂಢ ಪದಬಂಧದ ಸುಳಿವು ಪದವನ್ನು ಒಡೆದು, ತಿರುಗಿಸಿ, ಒಂದರೊಳಗೊಂದನ್ನು ಸೇರಿಸಿ ಉತ್ತರವನ್ನು ಕಟ್ಟುತ್ತದೆ. ಹಾಗೆ ಒಡೆಯುವಾಗ ಯಾವ ಘಟಕವನ್ನು ಅದು ಇಡಿಯಾಗಿ ಉಳಿಸಿಕೊಳ್ಳುತ್ತದೆ ಎಂಬುದೇ ಈ ಲೇಖನದ ಪ್ರಶ್ನೆ. ಕಡಲು ಮತ್ತು ನೌಕಾಯಾನಕ್ಕೆ ಸಂಬಂಧಿಸಿದ ಸುಳಿವುಗಳನ್ನು ಇಂಗ್ಲಿಷ್ ಮತ್ತು ಕನ್ನಡಗಳಲ್ಲಿ ಹೋಲಿಸಿ, ಇಂಗ್ಲಿಷಿನಲ್ಲಿ ಆ ಘಟಕ ಲಿಪಿಯ ಬಿಡಿ ವರ್ಣವೆಂದೂ ಕನ್ನಡದಲ್ಲಿ ಅಕ್ಷರವೆಂದೂ ತೋರಿಸುತ್ತೇವೆ. ಕನ್ನಡದ ಅಕ್ಷರವು ಧ್ವನಿಮಾ, ಉಚ್ಚಾರಾಂಶ, ಯೂನಿಕೋಡ್ ಸಂಕೇತಬಿಂದು ಈ ಮೂರಕ್ಕಿಂತಲೂ ಭಿನ್ನ. ಈ ಭೇದವನ್ನು ಮರೆತರೆ ಓದಿನ ಸಂಶೋಧನೆಯಲ್ಲಿ ಪದದ ಉದ್ದದ ಲೆಕ್ಕವೇ ತಪ್ಪುತ್ತದೆ.

ಪ್ರಮುಖ ಪದಗಳು: ಅಕ್ಷರ, ಪದಬಂಧ, ಶ್ಲೇಷೆ, ಬರಹದ ಘಟಕ, ಕಡಲಿನ ಶಬ್ದಕೋಶ

1. ಪೀಠಿಕೆ

ಆರ್ಥರ್ ವಿನ್ ರಚಿಸಿದ ಒಗಟು 1913ರ ಡಿಸೆಂಬರ್ 21ರಂದು ನ್ಯೂಯಾರ್ಕ್ ವರ್ಲ್ಡ್ ಪತ್ರಿಕೆಯಲ್ಲಿ ಪ್ರಕಟವಾಯಿತು. ಆಧುನಿಕ ಪದಬಂಧದ ಆರಂಭವನ್ನು ಅಲ್ಲಿಂದ ಗುರುತಿಸುವುದು ವಾಡಿಕೆ. ಮುಂದೆ ಬ್ರಿಟನ್ನಿನಲ್ಲಿ ಗೂಢ ಸುಳಿವಿನ ಪದ್ಧತಿ ಬೆಳೆಯಿತು. ಕ್ಸಿಮೆನೀಸ್ ಎಂಬ ಅಂಕಿತದಲ್ಲಿ ಪದಬಂಧಗಳನ್ನು ರಚಿಸುತ್ತಿದ್ದ ಡಿ. ಎಸ್. ಮ್ಯಾಕ್ನಟ್ ಅವರು 1966ರಲ್ಲಿ ಪ್ರಕಟಿಸಿದ ಪುಸ್ತಕ ಈ ಪದ್ಧತಿಗೆ ಶಾಸ್ತ್ರದ ರೂಪ ಕೊಟ್ಟಿತು. ಅದರ ಪ್ರಕಾರ ನ್ಯಾಯವಾದ ಸುಳಿವಿನಲ್ಲಿ ಎರಡು ಅಂಗಗಳಿರಬೇಕು. ಒಂದು, ಉತ್ತರದ ಖಚಿತವಾದ ಅರ್ಥನಿರೂಪಣೆ. ಇನ್ನೊಂದು, ಉತ್ತರವನ್ನು ಬೇರೊಂದು ದಾರಿಯಿಂದ ಕಟ್ಟಿಕೊಡುವ ಪದಕ್ರೀಡೆ. ಇವೆರಡನ್ನು ಬಿಟ್ಟು ಮೂರನೆಯದಕ್ಕೆ ಅಲ್ಲಿ ಅವಕಾಶವಿಲ್ಲ.

ಆದ್ದರಿಂದ ಬಿಡಿಸುವವರ ಮೊದಲ ಕೆಲಸ, ಸುಳಿವನ್ನು ಸಹಜ ವಾಕ್ಯವೆಂದು ಓದುವುದನ್ನು ನಿಲ್ಲಿಸಿ ಈ ಎರಡು ಅಂಗಗಳ ನಡುವಿನ ಗಡಿಯನ್ನು ಹುಡುಕುವುದು. ಅರ್ಥನಿರೂಪಣೆ ಸಾಮಾನ್ಯವಾಗಿ ಸುಳಿವಿನ ಆದಿಯಲ್ಲೋ ಅಂತ್ಯದಲ್ಲೋ ಇರುತ್ತದೆ. ಕನ್ನಡ ಪತ್ರಿಕೆಗಳ ಪದಬಂಧದಲ್ಲಿ ಹೆಚ್ಚಾಗಿ ನೇರ ಅರ್ಥದ ಸುಳಿವುಗಳೇ ಇರುವುದರಿಂದ, ಮುಂದೆ ಬರುವ ಗೂಢ ಸುಳಿವುಗಳನ್ನು ನಾವೇ ರಚಿಸಿದ್ದೇವೆ. ಕಡಲಿನ ವಿಷಯವನ್ನು ಆರಿಸಿಕೊಂಡಿರುವುದಕ್ಕೆ ಕಾರಣ, ಎರಡೂ ಭಾಷೆಗಳಲ್ಲಿ ಈ ಕ್ಷೇತ್ರದ ಶಬ್ದಸಂಪತ್ತು ದೊಡ್ಡದು, ಆದರೆ ಅದು ಬಂದ ದಾರಿಗಳು ಬೇರೆ ಬೇರೆ.

2. ಇಂಗ್ಲಿಷಿನ ನಾವಿಕ: ವರ್ಣಗಳ ಲೆಕ್ಕ

ಇಂಗ್ಲಿಷ್ ಪದಬಂಧದಲ್ಲಿ ನಾವಿಕನಿಗೆ ಹಲವು ಹೆಸರುಗಳಿವೆ: ಟಾರ್, ಸಾಲ್ಟ್, ಜ್ಯಾಕ್, ಹ್ಯಾಂಡ್, ರೇಟಿಂಗ್, ಎ-ಬಿ. ಇವುಗಳಲ್ಲಿ ಹೆಚ್ಚಿನವು ಹಡಗಿನ ದುಡಿಮೆಯಿಂದ ಬಂದ ಚಿಕ್ಕ ಪದಗಳು. ಟಾರ್ ಎಂಬುದು ಟಾರ್ಪಾಲಿನ್ ಪದದ ಮೊಟಕು ರೂಪವಿರಬೇಕೆಂದು ನಿಘಂಟುಗಳು ಊಹಿಸುತ್ತವೆ. ಎ-ಬಿ ಎಂಬುದು ‘ಏಬಲ್-ಬಾಡೀಡ್’ ಎಂಬ ದರ್ಜೆಯ ಸಂಕ್ಷೇಪ. ಹಡಗಿಗೆ ಎಸ್-ಎಸ್, ಅಂದರೆ ಸ್ಟೀಮ್‌ಶಿಪ್. ಎಡಕ್ಕೆ ಪೋರ್ಟ್. ಇಂದು ಹಡಗನ್ನೇ ಹತ್ತದವರೂ ಪದಬಂಧದ ಬಲದಿಂದ ಈ ಪದಗಳನ್ನು ಬಲ್ಲರು. ದುಡಿಮೆಯ ನುಡಿಯಾಗಿದ್ದದ್ದು ಬಿಡಿಸುವವರ ಪರಿಭಾಷೆಯಾಗಿ ಉಳಿದಿದೆ.

ಹೀಗೊಂದು ಸುಳಿವನ್ನು ಊಹಿಸಿಕೊಳ್ಳೋಣ: ‘ಹಡಗನ್ನೇರಿದ ನಾವಿಕ, ದಾರಿ ತೋರುವವು (5)’. ಹಡಗು ಎಂದರೆ ಎಸ್-ಎಸ್. ಅದನ್ನು ‘ಏರುವುದು’ ಎಂದರೆ ಆ ಎರಡು ವರ್ಣಗಳ ನಡುವೆ ಹೋಗಿ ಕೂರುವುದು. ನಾವಿಕನಾದ ಟಾರ್ ಅಲ್ಲಿ ಕುಳಿತರೆ ‘ಸ್ಟಾರ್ಸ್’ ದೊರೆಯುತ್ತದೆ. ಕಡಲಿನಲ್ಲಿ ದಾರಿ ತೋರುವವು ನಕ್ಷತ್ರಗಳು. ಅರ್ಥವೂ ಕ್ರೀಡೆಯೂ ಒಂದೇ ಉತ್ತರದಲ್ಲಿ ಕೂಡಿದವು.

ಈ ಕ್ರಿಯೆ ನಡೆಯುವುದು ಬರಹದಲ್ಲಿ, ಉಚ್ಚಾರದಲ್ಲಲ್ಲ. ಟಾರ್ ಪದವನ್ನು ಬಲದಿಂದ ಎಡಕ್ಕೆ ಓದಿದರೆ ‘ರ್‍ಯಾಟ್’, ಅಂದರೆ ಇಲಿ. ಮಧ್ಯದ ವರ್ಣ ಎರಡರಲ್ಲಿಯೂ ಒಂದೇ ಆದರೂ ಅದು ಸೂಚಿಸುವ ಸ್ವರ ಬೇರೆ. ಇದಕ್ಕಿಂತ ಪ್ರಸಿದ್ಧವಾದದ್ದು ‘ಫ್ಲವರ್’. ಪದಬಂಧದಲ್ಲಿ ಅದು ಹೂವಾಗದೆ ನದಿಯಾಗಬಲ್ಲದು, ‘ಫ್ಲೋ’ ಧಾತುವಿಗೆ ಕರ್ತೃಪ್ರತ್ಯಯ ಹತ್ತಿದ ‘ಹರಿಯುವುದು’ ಎಂಬ ಪದವೆಂದು ಅದನ್ನು ಓದಬಹುದು. ಎರಡು ಓದುಗಳ ಉಚ್ಚಾರ ಒಂದೇ ಅಲ್ಲ, ಕಾಗುಣಿತ ಮಾತ್ರ ಒಂದೇ. ಬಿಡಿಸುವವರು ಇದನ್ನು ಮೋಸವೆನ್ನುವುದಿಲ್ಲ, ಮೆಚ್ಚುತ್ತಾರೆ. ಇಲ್ಲಿ ಘಟಕ ಬಿಡಿ ವರ್ಣ ಎಂಬುದಕ್ಕೆ ಇದು ಸಾಕಷ್ಟು ಪ್ರಮಾಣ.

ಧ್ವನಿಸಾಮ್ಯವನ್ನೇ ಬಳಸುವ ಸುಳಿವುಗಳೂ ಉಂಟು. ಆದರೆ ಅಲ್ಲಿ ‘ಕೇಳಿಸಿತು’, ‘ಎಂದರಂತೆ’ ಮುಂತಾದ ಸೂಚಕವನ್ನು ಕೊಡಲೇಬೇಕು. ಪದಬಂಧದಲ್ಲಿ ಆಟವಾಗುವ ಧ್ವನಿಸಾಮ್ಯ ಕಡಲಿನಲ್ಲಿ ಅಪಾಯ. ಎಡಕ್ಕಿದ್ದ ‘ಲಾರ್ಬೋರ್ಡ್’ ಬಲದ ‘ಸ್ಟಾರ್‌ಬೋರ್ಡ್’ನೊಂದಿಗೆ ಗೊಂದಲವಾಗುತ್ತಿತ್ತು. ಬ್ರಿಟಿಷ್ ನೌಕಾಪಡೆ 1844ರಲ್ಲಿ ಅದನ್ನು ಕೈಬಿಟ್ಟು ‘ಪೋರ್ಟ್’ ಪದವನ್ನು ವಿಧಿಸಿತು.

3. ಕನ್ನಡದ ಕಡಲು: ಎರಡು ಪದರಗಳು

ಕನ್ನಡ ಪದಬಂಧದಲ್ಲಿ ‘ಸಮುದ್ರ (3)’ ಎಂಬ ಸುಳಿವಿಗೆ ಉತ್ತರಗಳ ಸಾಲೇ ಇದೆ: ಸಾಗರ, ಜಲಧಿ, ಶರಧಿ, ವಾರಿಧಿ, ಅಂಬುಧಿ, ಪಯೋಧಿ, ಅರ್ಣವ, ಕಡಲು. ಇವುಗಳಲ್ಲಿ ಬಹುಪಾಲು ಕಾವ್ಯ ಮತ್ತು ನಿಘಂಟುಗಳ ಪದರದಿಂದ ಬಂದವು. ಅವುಗಳ ರಚನೆ ಎಷ್ಟು ಕ್ರಮಬದ್ಧವೆಂದರೆ ಅದನ್ನೊಂದು ಕೋಷ್ಟಕವೆಂದೇ ಭಾವಿಸಬಹುದು. ನೀರು ಎಂಬರ್ಥದ ಪದಕ್ಕೆ ‘ಜ’ ಸೇರಿದರೆ ತಾವರೆ, ‘ದ’ ಸೇರಿದರೆ ಮೋಡ, ‘ಧಿ’ ಸೇರಿದರೆ ಸಮುದ್ರ: ಜಲಜ-ಜಲದ-ಜಲಧಿ, ಅಂಬುಜ-ಅಂಬುದ-ಅಂಬುಧಿ, ಅಬ್ಜ-ಅಬ್ದ-ಅಬ್ಧಿ. ನೀರಿನಲ್ಲಿ ಹುಟ್ಟಿದ್ದು, ನೀರನ್ನು ಕೊಡುವುದು, ನೀರನ್ನು ಹಿಡಿದಿಟ್ಟುಕೊಂಡದ್ದು ಎಂಬ ಮೂರು ಧಾತ್ವರ್ಥಗಳು ಒಂದೊಂದು ಅಕ್ಷರದಲ್ಲಿ ಅಡಗಿವೆ.

ಬಿಡಿಸುವವರಿಗೆ ಇದರಿಂದ ದೊರೆಯುವ ಪಾಠ ಸರಳ. ‘ಜಲ’ ಎಂಬ ಎರಡು ಮನೆ ತುಂಬಿದ್ದರೆ ಮೂರನೆಯದನ್ನು ಮೇಲಿನಿಂದ ಕೆಳಕ್ಕೆ ಬರುವ ಪದ ನಿರ್ಣಯಿಸಲಿ ಎಂದು ಕಾಯಬೇಕು. ಗೂಢ ಸುಳಿವನ್ನು ರಚಿಸುವವರಿಗಂತೂ ಇದು ನಿಧಿ. ‘ಜಲದ’ ಎಂಬುದು ಮೋಡವೂ ಹೌದು, ‘ನೀರಿನ’ ಎಂಬ ಷಷ್ಠೀ ರೂಪವೂ ಹೌದು. ‘ಶರಧಿ’ ಕಡಲೂ ಹೌದು, ಬತ್ತಳಿಕೆಯೂ ಹೌದು, ಏಕೆಂದರೆ ‘ಶರ’ಕ್ಕೆ ನೀರು, ಬಾಣ ಎಂಬ ಎರಡು ಅರ್ಥಗಳಿವೆ. ಹಾಗಾಗಿ ‘ಬಿಲ್ಲುಗಾರನ ಬೆನ್ನ ಮೇಲೊಂದು ಕಡಲು (3)’ ಎಂಬುದು ನ್ಯಾಯವಾದ ಸುಳಿವು.

ಎರಡನೆಯ ಪದರ ಬಳಕೆಯ ನುಡಿಯದು. ‘ಹಡಗು’, ‘ಹಾಯಿ’ ಪದಗಳಿಗೆ ತಮಿಳಿನಲ್ಲಿ ‘ಪಡಗು’, ‘ಪಾಯ್’ ಎಂಬ ಜ್ಞಾತಿಪದಗಳಿವೆ. ಕನ್ನಡದ ಪಕಾರ-ಹಕಾರ ಪರಿವರ್ತನೆಗೆ ಇವು ಉದಾಹರಣೆ. ‘ಬಂದರು’, ‘ಲಂಗರು’ ಪಾರಸಿಯಿಂದ ಬಂದವು. ಈ ಪದರದ ಪದಗಳು ಪದಬಂಧದಲ್ಲಿ ಕಡಿಮೆ. ನಿಘಂಟನ್ನು ಮುಂದಿಟ್ಟುಕೊಂಡು ರಚಿಸಿದ ಪದಬಂಧದಲ್ಲಿ ಕಡಲನ್ನು ನೋಡಿದ ಕವಿಯ ಮಾತು ಸಿಗುತ್ತದೆ, ಕಡಲಿಗಿಳಿದವರ ಮಾತು ಅಪರೂಪ. ಇಂಗ್ಲಿಷಿನಲ್ಲಿ ಕಂಡದ್ದಕ್ಕೆ ಇದು ತಿರುವುಮುರುವು.

4. ಶ್ಲೇಷೆಯ ಬಗೆಗಳು

ಗೂಢ ಸುಳಿವಿನ ವಿಶ್ಲೇಷಣೆಗೆ ನಮ್ಮ ಅಲಂಕಾರಶಾಸ್ತ್ರದ ಪರಿಭಾಷೆಯೇ ಸಾಕು. ಪದವನ್ನು ಒಡೆಯದೆ ಎರಡರ್ಥ ಕೊಡುವುದು ಅಭಂಗಶ್ಲೇಷೆ. ‘ನಾಟಕ ಮುಗಿದಾಗ ಬೀಳುವುದು, ಕಡಲಿನಲ್ಲಿ ಏಳುವುದು (2)’ ಎಂಬ ಸುಳಿವಿಗೆ ಉತ್ತರ ‘ತೆರೆ’. ‘ಅಂಬಿಗನ ಕೈಯಲ್ಲಿರುವ ಜನನ (2)’ ಎಂದರೆ ‘ಹುಟ್ಟು’. ಪದವನ್ನು ಬೇರೆ ರೀತಿ ಒಡೆದು ಎರಡರ್ಥ ಪಡೆಯುವುದು ಸಭಂಗಶ್ಲೇಷೆ. ‘ಹಡಗು ತಂಗುವಲ್ಲಿಗೆ ಅವರು ಆಗಮಿಸಿದರು (3)’ ಎಂಬಲ್ಲಿ ಉತ್ತರ ‘ಬಂದರು’. ನಾಮಪದವಾಗಿ ಅದು ಒಂದೇ ಆಕೃತಿಮಾ, ಕ್ರಿಯಾಪದವಾಗಿ ಧಾತು, ಭೂತಕಾಲದ ಪ್ರತ್ಯಯ, ಬಹುವಚನದ ಪ್ರತ್ಯಯ ಎಂದು ಮೂರು.

‘ನಾವೆ’ ಪದವನ್ನು ‘ನಾವೇ’ ಎಂಬ ಅವಧಾರಣಾರ್ಥದೊಂದಿಗೆ ಶ್ಲೇಷೆಗೊಳಿಸಿದರೆ ಮಾತ್ರ ಆಕ್ಷೇಪ ಏಳುತ್ತದೆ. ಹ್ರಸ್ವ-ದೀರ್ಘ ಭೇದವನ್ನು ಮನೆ ಬಿಟ್ಟುಕೊಡುವುದಿಲ್ಲ. ಮಹಾಪ್ರಾಣವನ್ನೂ ಅಷ್ಟೇ. ಆಡುಮಾತಿನಲ್ಲಿ ಅಲ್ಪಪ್ರಾಣ-ಮಹಾಪ್ರಾಣಗಳ ಅಂತರ ಅಳಿಸಿಹೋಗಿರುವವರೂ ‘ಜಲದಿ’ ಎಂದು ಬರೆದರೆ ತಪ್ಪೆಂದೇ ಎಣಿಸುತ್ತಾರೆ.

5. ತಿರುಗಿ ನಿಂತ ನಾವಿಕ

ಘಟಕದ ನಿಜವಾದ ಪರೀಕ್ಷೆ ವಿಲೋಮದಲ್ಲಿ ನಡೆಯುತ್ತದೆ. ಈ ಸುಳಿವನ್ನು ನೋಡಿ: ‘ಕವಿ ನಾ ಎನ್ನುತ್ತ ತಿರುಗಿ ನಿಂತವನು ಹಡಗು ನಡೆಸುವನು (3)’. ‘ಕ-ವಿ-ನಾ’ ಎಂಬುದನ್ನು ಹಿಂದುಮುಂದಾಗಿಸಿದರೆ ‘ನಾ-ವಿ-ಕ’. ಕನ್ನಡ ಓದುಗರಿಗೆ ಇದನ್ನು ವಿವರಿಸಬೇಕಾಗಿಲ್ಲ. ‘ವಿಕಟಕವಿ’ಯನ್ನು ಎರಡೂ ಕಡೆಯಿಂದ ಓದಿ ನಕ್ಕವರೆಲ್ಲ ಈ ನಿಯಮವನ್ನು ಬಲ್ಲರು.

ಇದೇ ‘ನಾವಿಕ’ ಪದವನ್ನು ಧ್ವನಿಮಾಗಳ ಕ್ರಮದಲ್ಲಿ ತಿರುಗಿಸಿದರೆ ದೊರೆಯುವುದು ‘ಅಕಿವಾನ್’. ಯೂನಿಕೋಡ್ ಸಂಕೇತಬಿಂದುಗಳ ಕ್ರಮದಲ್ಲಿ ತಿರುಗಿಸಿದರೆ ‘ಕಿವಾನ’. ಎರಡೂ ಅರ್ಥಹೀನ. ಮೂರು ವಿಲೋಮಗಳಲ್ಲಿ ಕನ್ನಡಿಗರು ಆಟವೆಂದು ಒಪ್ಪುವುದು ಅಕ್ಷರದ ವಿಲೋಮವೊಂದನ್ನೇ.

ಅಕ್ಷರವೆಂದರೆ ಉಚ್ಚಾರಾಂಶವೇ ಅಲ್ಲವೇ ಎಂಬ ಪ್ರಶ್ನೆ ಸಹಜ. ಅಲ್ಲವೆಂಬುದಕ್ಕೆ ‘ಹುಟ್ಟು’ ಸಾಕ್ಷಿ. ಉಚ್ಚಾರದಲ್ಲಿ ಅದು ‘ಹುಟ್-ಟು’ ಎಂದು ಒಡೆಯುತ್ತದೆ. ಛಂದಸ್ಸೂ ಮುಂದಿನ ಒತ್ತಕ್ಷರವನ್ನು ಗಮನಿಸಿ ‘ಹು’ವನ್ನು ಗುರುವೆಂದು ಎಣಿಸುತ್ತದೆ. ಆದರೆ ಪದಬಂಧದ ಮನೆಗಳಲ್ಲಿ ಅದು ‘ಹು-ಟ್ಟು’. ‘ಬಂದರು’ ಪದದಲ್ಲಿ ಮಾತ್ರ ಉಚ್ಚಾರಾಂಶದ ಕೊನೆಯ ಅನುನಾಸಿಕವು ಅನುಸ್ವಾರದ ರೂಪದಲ್ಲಿ ಹಿಂದಿನ ಮನೆಯಲ್ಲೇ ಉಳಿಯುತ್ತದೆ. ಉಚ್ಚಾರಾಂಶದ ಕೊನೆಯ ವ್ಯಂಜನ ಒಂದು ಕಡೆ ಮುಂದಕ್ಕೆ ಸರಿಯುತ್ತದೆ, ಇನ್ನೊಂದು ಕಡೆ ಹಿಂದೆ ನಿಲ್ಲುತ್ತದೆ. ‘ಬೋಟ್’ ಎಂದು ಬರೆದರೆ ಒಂದೇ ಉಚ್ಚಾರಾಂಶಕ್ಕೆ ಎರಡು ಮನೆ ಬೇಕು. ಈ ಮೂರನ್ನೂ ವಿವರಿಸುವುದು ಲಿಪಿಯ ನಿಯಮ, ಧ್ವನಿಯ ನಿಯಮವಲ್ಲ.

ಮನೆಗೊಂದು ಅಕ್ಷರವೆಂಬುದು ಮುದ್ರಣದ ರೂಢಿಯಷ್ಟೇ, ಅದರಿಂದ ಓದುಗರ ಮನಸ್ಸಿನ ಬಗ್ಗೆ ಏನೂ ಹೇಳಲಾಗದು ಎಂದು ಆಕ್ಷೇಪಿಸಬಹುದು. ಈ ಆಕ್ಷೇಪಕ್ಕೆ ತೂಕವಿದೆ. ಆದರೆ ಮುದ್ರಿತ ಪದಬಂಧಕ್ಕಿಂತ ಬಹು ಹಿಂದಿನ ಚಿತ್ರಕಾವ್ಯದಲ್ಲಿಯೂ ಘಟಕ ಇದೇ ಆಗಿದೆ. ಭಾರವಿಯ ಕಿರಾತಾರ್ಜುನೀಯದ 15ನೆಯ ಸರ್ಗ, ಮಾಘನ ಶಿಶುಪಾಲವಧದ 19ನೆಯ ಸರ್ಗಗಳಲ್ಲಿನ ಗತಪ್ರತ್ಯಾಗತ ಪದ್ಯಗಳು ಅಕ್ಷರದಿಂದ ಅಕ್ಷರಕ್ಕೆ ಹಿಂದಿರುಗುತ್ತವೆ. ಬಕಾರ-ವಕಾರ, ಡಕಾರ-ಲಕಾರಗಳಲ್ಲಿ ಭೇದವೆಣಿಸದ ರಿಯಾಯಿತಿಯನ್ನು ಆಲಂಕಾರಿಕರು ಕೊಟ್ಟಿದ್ದರು. ಪದಬಂಧ ಅದನ್ನು ಕೊಡುವುದಿಲ್ಲ. ಕಟ್ಟುನಿಟ್ಟು ಹೆಚ್ಚಾಗಿದೆ, ಘಟಕ ಬದಲಾಗಿಲ್ಲ. ಹಾಗೆಂದು ಇದು ಮಾತಿನ ಸಂಸ್ಕರಣೆಗೆ ಪ್ರಮಾಣವೆಂದು ನಾವು ವಾದಿಸುತ್ತಿಲ್ಲ. ಇದು ಅಕ್ಷರಸ್ಥರ ಬರಹಪ್ರಜ್ಞೆಗೆ ಪ್ರಮಾಣ, ಅಷ್ಟೇ.

6. ಉಪಸಂಹಾರ: ಉದ್ದವನ್ನು ಅಳೆಯುವ ಬಗೆ

ಈ ಚರ್ಚೆಯ ಫಲ ಪದಬಂಧದಾಚೆಗೂ ಇದೆ. ಓದಿನ ವೇಗ ಅಥವಾ ಪದಗ್ರಹಣದ ಪ್ರಯೋಗಗಳಲ್ಲಿ ಪದಗಳನ್ನು ಸಮಾನ ಉದ್ದದವೆಂದು ಆರಿಸಬೇಕಾಗುತ್ತದೆ. ಕಡಲಿನ ಮೂರು ಪದಗಳನ್ನು ತೆಗೆದುಕೊಳ್ಳೋಣ: ಅಲೆ, ತೆರೆ, ಹುಟ್ಟು. ಅಕ್ಷರಗಳಲ್ಲಿ ಎಣಿಸಿದರೆ ಮೂರಕ್ಕೂ ಉದ್ದ 2. ಉಚ್ಚಾರಾಂಶಗಳಲ್ಲಿಯೂ 2. ಆದರೆ ಗಣಕವು ಸಂಕೇತಬಿಂದುಗಳನ್ನು ಎಣಿಸಿ 3, 4, 6 ಎನ್ನುತ್ತದೆ. ಮೊದಲನೆಯದಕ್ಕಿಂತ ಮೂರನೆಯದು ಇಮ್ಮಡಿ ಉದ್ದವೆಂದು ತಿಳಿದ ಸಂಶೋಧಕರು ಇವನ್ನು ಬೇರೆ ಬೇರೆ ಗುಂಪಿಗೆ ಹಾಕುತ್ತಾರೆ, ಇಲ್ಲವೇ ಅಂತರವನ್ನು ಸರಿದೂಗಿಸಲು ಅಂಕಿಗಳನ್ನು ತಿದ್ದುತ್ತಾರೆ. ಎರಡರಿಂದಲೂ ಇಲ್ಲದ ಪರಿಣಾಮ ಕಾಣಿಸಬಹುದು, ಇರುವ ಪರಿಣಾಮ ಮರೆಯಾಗಬಹುದು. ಮಕ್ಕಳ ಓದಿನ ಸಾಮರ್ಥ್ಯವನ್ನು ಅಂಥ ಪಟ್ಟಿಯಿಂದ ಅಳೆದರೆ ಆ ತಪ್ಪಿನ ಹೊರೆ ಮಗುವಿನ ಮೇಲೆ ಬೀಳುತ್ತದೆ.

ಆದ್ದರಿಂದ ನಮ್ಮ ಸಲಹೆ ಹೀಗಿದೆ. ಕನ್ನಡ ಪದಪಟ್ಟಿಗಳನ್ನು ಸಿದ್ಧಪಡಿಸುವವರು ಅಕ್ಷರ, ಉಚ್ಚಾರಾಂಶ, ಸಂಕೇತಬಿಂದು ಈ ಮೂರೂ ಎಣಿಕೆಗಳನ್ನು ಪ್ರತ್ಯೇಕವಾಗಿ ದಾಖಲಿಸಬೇಕು. ಉದ್ದವೆಂದು ಯಾವುದನ್ನು ಬಳಸಿದ್ದೇವೆ ಎಂಬುದನ್ನು ಸ್ಪಷ್ಟವಾಗಿ ಹೇಳಬೇಕು. ಒತ್ತಕ್ಷರದ ಸಂಕೀರ್ಣತೆಯನ್ನು ಉದ್ದದೊಂದಿಗೆ ಬೆರೆಸದೆ ಬೇರೊಂದು ಅಂಶವಾಗಿ ಪರಿಗಣಿಸಬೇಕು. ಸಂದೇಹ ಬಂದಾಗ ಪದವನ್ನು ಪದಬಂಧದ ಮನೆಗಳಲ್ಲಿ ಬರೆದು ನೋಡುವುದು ಸುಲಭದ ಉಪಾಯ. ಭಾನುವಾರದ ಪತ್ರಿಕೆ ಹಿಡಿದು ಕೂತ ಓದುಗರು ಈ ಎಣಿಕೆಯಲ್ಲಿ ಎಡವುವುದಿಲ್ಲ.