ಬಣ್ಣವಿಲ್ಲದ ಹುಲ್ಲುಗಾವಲು

ಟಿಬೆಟ್ಟಿನ ಅಲೆಮಾರಿಗಳು ಅಂದ್ರೆ ಕಣ್ಮುಂದೆ ಏನು ಬರುತ್ತೆ? ಹಿಮದ ಬೆಟ್ಟ, ನೀಲಿ ಆಕಾಶ, ಯಾಕ್ ಜೊತೆ ನಗುವ ಮುಖ. ಥೇಟ್ ಕ್ಯಾಲೆಂಡರ್ ಚಿತ್ರ!

ಈಗ 2015ರ 'ಥಾರ್ಲೋ' ಸಿನಿಮಾ ನೋಡಿ. ಇಡೀ ಚಿತ್ರ ಕಪ್ಪು-ಬಿಳುಪು. ನಿರ್ದೇಶಕ ಪೆಮಾ ತ್ಸೆದೆನ್ ಹುಟ್ಟಿದ್ದು ಟಿಬೆಟ್ ಪ್ರಸ್ಥಭೂಮಿಯ ಆಮ್ದೋ ಸೀಮೆಯಲ್ಲೇ.

ಥಾರ್ಲೋ ಒಬ್ಬ ಕುರಿಗಾಹಿ. ಗುರುತಿನ ಚೀಟಿಗೆ ಫೋಟೋ ಬೇಕು ಅಂತ ಪೇಟೆಗೆ ಬರ್ತಾನೆ. ಸ್ಟುಡಿಯೋದಲ್ಲಿ ಒಂದು ಜೋಡಿ ಫೋಟೋಗೆ ನಿಂತಿದೆ. ಹಿಂದಿನ ಪರದೆಯಲ್ಲಿ ಲಾಸಾದ ಪೊಟಾಲಾ ಅರಮನೆ. ಪರದೆ ಬದಲಾಯ್ತು, ಬೀಜಿಂಗ್‌ನ ತಿಯಾನನ್ಮೆನ್. ಮತ್ತೆ ಬದಲಾಯ್ತು, ನ್ಯೂಯಾರ್ಕ್! ಜನ ಅವರೇ, ಗುರುತು ಮಾತ್ರ ಯಾರೋ ಇಳಿಬಿಟ್ಟ ಪರದೆಯದ್ದು.

ಆದರೆ ಥಾರ್ಲೋನ ಬೆಟ್ಟದ ಬದುಕನ್ನ ಪೆಮಾ ಹಾಗೆ ಅಲಂಕರಿಸಲ್ಲ. ಕ್ಯಾಮೆರಾ ಕದಲದೆ ನಿಲ್ಲುತ್ತೆ. ಕುರಿಗಳು, ಗಾಳಿ, ಒಂಟಿ ರಾತ್ರಿ. ಆ ಒಂಟಿತನದಲ್ಲಿ ನಾವೂ ಅವನ ಪಕ್ಕ ಕೂತಿರ್ತೀವಿ. ಕೇಳಿಸೋದು ಅವನದೇ ಟಿಬೆಟನ್ ನುಡಿ.

2023ರಲ್ಲಿ ಪೆಮಾ ತೀರಿಕೊಂಡರು. ಅವರ ಸಿನಿಮಾಗಳು ಕಲಿಸೋದು ಇಷ್ಟೇ: ಒಂದು ಜನಾಂಗವನ್ನ ತೋರಿಸೋ ಮುಂಚೆ, ಅವರ ಮಾತಿಗೆ ಕಿವಿಗೊಡಿ. ಅವರ ಮೌನಕ್ಕೂ.