ನೆರೆಮನೆಯ ಲೆಕ್ಕ: ದಕ್ಷಿಣ ಏಷ್ಯಾದ ಆರ್ಥಿಕತೆ ಬಗ್ಗೆ ಐದು ತಪ್ಪು ಕಲ್ಪನೆಗಳು

2022ರ ಜುಲೈ 9ರಂದು ಕೊಲಂಬೊದಲ್ಲಿ ಜನ ಅಧ್ಯಕ್ಷರ ನಿವಾಸಕ್ಕೇ ನುಗ್ಗಿದರು. 2024ರ ಆಗಸ್ಟ್ 5ರಂದು ಪ್ರಧಾನಿ ಶೇಖ್ ಹಸೀನಾ ಢಾಕಾದಿಂದ ಹೊರಟು ದೇಶ ಬಿಟ್ಟರು. 2025ರ ಸೆಪ್ಟೆಂಬರ್ 9ರಂದು ಕಠ್ಮಂಡುವಿನಲ್ಲಿ ಪ್ರಧಾನಿ ಕೆ.ಪಿ. ಶರ್ಮಾ ಓಲಿ ರಾಜೀನಾಮೆ ಕೊಟ್ಟರು. ಮೂರು ವರ್ಷದ ಆಸುಪಾಸಿನಲ್ಲಿ ಮೂರು ನೆರೆ ದೇಶಗಳಲ್ಲಿ ಬೀದಿಗಿಳಿದ ಜನ ಅಧಿಕಾರದಲ್ಲಿದ್ದವರನ್ನು ಇಳಿಸಿದರು. ಪ್ರತಿ ಸಲವೂ ನಮ್ಮ ಮೊಬೈಲುಗಳಲ್ಲಿ ಒಂದೊಂದು ಸಾಲಿನ ವಿವರಣೆ ಓಡಾಡಿತು: ಚೀನಾ ಮುಳುಗಿಸಿತು, ಸಾವಯವದ ಹುಚ್ಚು ಕೆಡಿಸಿತು, ಬಡ ದೇಶಗಳ ಹಣೆಬರಹವೇ ಇಷ್ಟು. ಈ ವಿವರಣೆಗಳಿಂದ ಆಗುವ ದೊಡ್ಡ ನಷ್ಟ ಒಂದಿದೆ. ಅವನ್ನು ನಂಬಿಬಿಟ್ಟರೆ ಆ ದೇಶಗಳಿಂದ ನಾವು ಕಲಿಯಬೇಕಾದ್ದು ಏನೂ ಉಳಿಯುವುದಿಲ್ಲ. ಕಲಿಯುವುದೋ ಬಹಳ ಇದೆ.

ತಪ್ಪು ಕಲ್ಪನೆ 1: ಶ್ರೀಲಂಕಾ ಮುಳುಗಿದ್ದು ಚೀನಾದ ಸಾಲದಿಂದ

ಸತ್ಯ: ಚೀನಾದ ಸಾಲ ಇತ್ತು, ಭಾರವೂ ಆಗಿತ್ತು. ಆದರೆ ಸರ್ಕಾರಿ ಉದ್ಯಮಗಳ ಹೆಸರಿನಲ್ಲಿ ತಂದದ್ದನ್ನೂ ಸೇರಿಸಿದರೆ ಅದು ದೇಶದ ವಿದೇಶಿ ಸಾಲದಲ್ಲಿ ಸುಮಾರು ಐದನೇ ಒಂದು ಭಾಗ. ಅದಕ್ಕಿಂತ ದೊಡ್ಡ ಪಾಲು ಅಂತರರಾಷ್ಟ್ರೀಯ ಮಾರುಕಟ್ಟೆಯಲ್ಲಿ ಬಾಂಡ್ ಮಾರಿ ಎತ್ತಿದ ಸಾಲದ್ದು. 2007ರಲ್ಲಿ 50 ಕೋಟಿ ಡಾಲರಿನ ಮೊದಲ ಬಾಂಡ್‌ನಿಂದ ಶುರುವಾದ ಈ ದಾರಿಯಲ್ಲಿ ಬಡ್ಡಿ ಹೆಚ್ಚು, ವಾಯಿದೆ ಕಡಿಮೆ. ಹಳೇ ಸಾಲ ತೀರಿಸಲು ಹೊಸ ಸಾಲ ಸಿಗುವವರೆಗೆ ಮಾತ್ರ ಅದು ನಡೆಯುತ್ತದೆ.

ಹಂಬನ್‌ಟೋಟ ಬಂದರಿನ ಕಥೆಯನ್ನೂ ಹೀಗೆಯೇ ತಿರುಚಲಾಗಿದೆ. 2017ರಲ್ಲಿ ಅದನ್ನು 99 ವರ್ಷಕ್ಕೆ ಚೀನಾದ ಕಂಪನಿಗೆ ಗುತ್ತಿಗೆ ಕೊಟ್ಟದ್ದು ನಿಜ. ಆದರೆ ಬಂದ ಸುಮಾರು 112 ಕೋಟಿ ಡಾಲರ್ ಆ ಬಂದರಿನ ಸಾಲಕ್ಕೆ ವಜಾ ಆಗಲಿಲ್ಲ. ಅದು ಸೇರಿದ್ದು ಬತ್ತುತ್ತಿದ್ದ ಡಾಲರ್ ಸಂಗ್ರಹಕ್ಕೆ. ಬಂದರಿನ ಸಾಲ ಹಾಗೆಯೇ ಉಳಿಯಿತು.

ಹೊಡೆತ ಬಿದ್ದದ್ದು ಆದಾಯದ ಕಡೆಯಿಂದ. 2019ರ ಕೊನೆಯಲ್ಲಿ ಬಂದ ಹೊಸ ಸರ್ಕಾರ ವ್ಯಾಟ್ ದರವನ್ನು ಶೇ 15ರಿಂದ ಶೇ 8ಕ್ಕೆ ಇಳಿಸಿತು. ಹಾಸಿಗೆ ಇದ್ದಷ್ಟು ಕಾಲು ಚಾಚು ಎನ್ನುವುದು ನಮ್ಮ ಗಾದೆ. ಅಲ್ಲಿ ಚಾಚಿದ ಕಾಲು ಚಾಚಿದಂತೆಯೇ ಇದ್ದಾಗ ಹಾಸಿಗೆಯನ್ನೇ ಕತ್ತರಿಸಿದರು. ಅದೇ ವರ್ಷ ಈಸ್ಟರ್ ದಿನ ನಡೆದ ಬಾಂಬ್ ದಾಳಿಯಿಂದ ಅದಾಗಲೇ ಪೆಟ್ಟು ತಿಂದಿದ್ದ ಪ್ರವಾಸೋದ್ಯಮ ಕೋವಿಡ್‌ನಲ್ಲಿ ಪೂರ್ತಿ ನಿಂತಿತು. ಹೊಸ ಸಾಲ ಕೊಡುವವರು ಹಿಂದೆ ಸರಿದರು. 2022ರ ಏಪ್ರಿಲ್ 12ರಂದು ಶ್ರೀಲಂಕಾ ವಿದೇಶಿ ಸಾಲದ ಮರುಪಾವತಿಯನ್ನು ನಿಲ್ಲಿಸಿತು. ಮೇ ಹೊತ್ತಿಗೆ ಬಳಸಲು ಉಳಿದಿದ್ದ ವಿದೇಶಿ ವಿನಿಮಯ 5 ಕೋಟಿ ಡಾಲರಿಗಿಂತ ಕಡಿಮೆ ಎಂದು ಅಲ್ಲಿನ ಹಣಕಾಸು ಸಚಿವರೇ ಹೇಳಿದರು.

ತಪ್ಪು ಕಲ್ಪನೆ 2: ಎಲ್ಲಕ್ಕೂ ಸಾವಯವ ಕೃಷಿಯೇ ಕಾರಣ

ಸತ್ಯ: 2021ರ ಮೇ ತಿಂಗಳಲ್ಲಿ ರಾಸಾಯನಿಕ ಗೊಬ್ಬರದ ಆಮದನ್ನು ಒಂದೇ ಏಟಿಗೆ ನಿಷೇಧಿಸಿದ್ದು ಘೋರ ತಪ್ಪು. ಭತ್ತದ ಇಳುವರಿ ಕುಸಿಯಿತು, ಡಾಲರ್ ತರುವ ಚಹಾ ಬೆಳೆಗೂ ಏಟು ಬಿತ್ತು. ನವೆಂಬರ್‌ನಲ್ಲಿ ನಿಷೇಧ ಹಿಂತೆಗೆದರೂ ಆ ಹಂಗಾಮಿನ ಗದ್ದೆಗೆ ಅದು ಪ್ರಯೋಜನವಾಗಲಿಲ್ಲ. ಆದರೆ ನಿಷೇಧ ಬರುವ ಮೊದಲೇ ಖಜಾನೆ ಬರಿದಾಗತೊಡಗಿತ್ತು. ಗೊಬ್ಬರದ ಆಮದಿಗೆ ಹೋಗುವ ಡಾಲರ್ ಉಳಿಯಲಿ ಎಂಬ ಲೆಕ್ಕವೂ ಆ ನಿರ್ಧಾರದ ಹಿಂದಿತ್ತು. ಸಂಕಟದಿಂದಲೇ ಹುಟ್ಟಿದ ನಿರ್ಧಾರ ಅದು, ಮತ್ತೆ ಸಂಕಟವನ್ನೇ ಹೆಚ್ಚಿಸಿತು. ಇದರ ಹೊಣೆಯನ್ನು ಸಾವಯವದ ಮೇಲೆ ಹೊರಿಸಿದರೆ, ವರ್ಷಗಟ್ಟಲೆ ಮಣ್ಣು ಹದಮಾಡಿಕೊಂಡು ನಿಧಾನವಾಗಿ ಆ ದಾರಿಗೆ ಬಂದ ನಮ್ಮ ರೈತರಿಗೆ ಅನ್ಯಾಯ ಮಾಡಿದಂತೆ.

ತಪ್ಪು ಕಲ್ಪನೆ 3: ಬೆಳವಣಿಗೆ ದರ ಏರಿದರೆ ಉದ್ಯೋಗ ತಾನಾಗಿ ಬರುತ್ತದೆ

ಸತ್ಯ: ಇದನ್ನು ನಂಬುವವರು ಬಾಂಗ್ಲಾದೇಶವನ್ನು ನೋಡಬೇಕು. 1971ರ ಯುದ್ಧದಿಂದ ಜರ್ಜರಿತವಾಗಿ ಹುಟ್ಟಿದ ಆ ದೇಶದ ಏಳಿಗೆ ಅಸಾಮಾನ್ಯವಾದದ್ದು. 1970ರ ದಶಕದ ಕೊನೆಯಲ್ಲಿ ‘ದೇಶ್ ಗಾರ್ಮೆಂಟ್ಸ್’ ಎಂಬ ಸಂಸ್ಥೆ ಸುಮಾರು 130 ಮಂದಿಯನ್ನು ತರಬೇತಿಗೆಂದು ದಕ್ಷಿಣ ಕೊರಿಯಾದ ದೇವೂ ಕಂಪನಿಗೆ ಕಳಿಸಿತು. ಕಲಿತು ಬಂದವರಲ್ಲಿ ಹಲವರು ಮುಂದೆ ತಾವೇ ಕಾರ್ಖಾನೆ ತೆರೆದರು. ಇಂದು ಆ ದೇಶದ ರಫ್ತು ಗಳಿಕೆಯಲ್ಲಿ ಶೇ 80ಕ್ಕೂ ಹೆಚ್ಚು ಸಿದ್ಧ ಉಡುಪಿನದು. ಸುಮಾರು 40 ಲಕ್ಷ ಮಂದಿ ಅಲ್ಲಿ ದುಡಿಯುತ್ತಾರೆ, ಹೆಚ್ಚಿನವರು ಹೆಣ್ಣುಮಕ್ಕಳು. 2013ರಲ್ಲಿ ರಾಣಾ ಪ್ಲಾಜಾ ಕಟ್ಟಡ ಕುಸಿದು 1,100ಕ್ಕೂ ಹೆಚ್ಚು ಕಾರ್ಮಿಕರು ಸತ್ತರು. ಆ ಏಳಿಗೆಗೆ ತೆತ್ತ ಬೆಲೆಯನ್ನು ಮರೆಯುವಂತಿಲ್ಲ.

ಕೋವಿಡ್‌ಗೆ ಮುಂಚಿನ ದಶಕದಲ್ಲಿ ಬಾಂಗ್ಲಾದೇಶ ವರ್ಷಕ್ಕೆ ಸರಾಸರಿ ಶೇ 6ಕ್ಕೂ ಹೆಚ್ಚು ಬೆಳೆಯಿತು. ಹಾಗಿದ್ದೂ 2024ರಲ್ಲಿ ವಿದ್ಯಾರ್ಥಿಗಳು ಬೀದಿಗಿಳಿದದ್ದು ಸರ್ಕಾರಿ ನೌಕರಿಯ ಮೀಸಲಾತಿ ವಿಚಾರಕ್ಕೆ. ಹೊಲಿಗೆ ಯಂತ್ರದ ಮುಂದೆ ಕೂರುವ ಕೆಲಸ ಬೆಳೆದಿತ್ತು, ಪದವಿ ಮುಗಿಸಿದವರಿಗೆ ತಕ್ಕ ಕೆಲಸ ಬೆಳೆದಿರಲಿಲ್ಲ. ಖಾಸಗಿಯಲ್ಲಿ ಬಾಗಿಲುಗಳೇ ಕಡಿಮೆಯಾದಾಗ ಸರ್ಕಾರಿ ನೌಕರಿಯ ಒಂದು ಬಾಗಿಲಿಗಾಗಿ ಜಗಳ ಹುಟ್ಟುತ್ತದೆ. ಒಂದೇ ಉದ್ಯಮವನ್ನು ನೆಚ್ಚಿದ್ದರ ಅಪಾಯ ಇನ್ನೂ ಮುಂದಿದೆ. ವಿಶ್ವಸಂಸ್ಥೆಯ ‘ಅತಿ ಹಿಂದುಳಿದ ದೇಶ’ಗಳ ಪಟ್ಟಿಯಿಂದ ಬಾಂಗ್ಲಾದೇಶ ಹೊರಬರಲು ನಿಗದಿಯಾದ ಗಡುವು 2026ರ ನವೆಂಬರ್. ಅದು ಹೆಮ್ಮೆಯ ಬಡ್ತಿ. ಜೊತೆಗೇ, ಸುಂಕವಿಲ್ಲದೆ ಬಟ್ಟೆ ಮಾರಲು ಸಿಗುತ್ತಿದ್ದ ಅನುಕೂಲಗಳು ಒಂದೊಂದಾಗಿ ಕೈತಪ್ಪುತ್ತವೆ.

ತಪ್ಪು ಕಲ್ಪನೆ 4: ಹೊರದೇಶದಿಂದ ಹಣ ಬರುತ್ತಿದ್ದರೆ ಸಾಕು

ಸತ್ಯ: ನೇಪಾಳದ ಜಿಡಿಪಿಯ ಸುಮಾರು ಕಾಲು ಭಾಗಕ್ಕೆ ಸಮನಾದ ಹಣ ಹೊರಗೆ ದುಡಿಯುವವರಿಂದ ಬರುತ್ತದೆ. ಕೊಲ್ಲಿ ರಾಷ್ಟ್ರಗಳಲ್ಲಿ, ಮಲೇಷ್ಯಾದಲ್ಲಿ, ನಮ್ಮ ಬೆಂಗಳೂರಿನ ಹೋಟೆಲು ಮತ್ತು ಕಾವಲು ಕೆಲಸಗಳಲ್ಲಿ ಅವರಿದ್ದಾರೆ. ಈ ದುಡಿಮೆ ನೇಪಾಳದ ಬಡತನವನ್ನು ತಗ್ಗಿಸಿದೆ, ಮಕ್ಕಳನ್ನು ಶಾಲೆಗೆ ಕಳಿಸಿದೆ. ಅದನ್ನು ಹಗುರವಾಗಿ ಕಾಣಬಾರದು.

ಆದರೆ ಬಂದ ಹಣ ಹೆಚ್ಚಾಗಿ ಖರ್ಚಾಗುವುದು ಆಮದಾದ ಸಾಮಾನಿಗೆ. ಸರ್ಕಾರಕ್ಕೆ ಗಡಿಯಲ್ಲಿ ಸುಂಕ ಸಿಗುತ್ತದೆ, ಖಜಾನೆ ನಡೆಯುತ್ತದೆ, ಊರಿನಲ್ಲಿ ಕಾರ್ಖಾನೆ ಕಟ್ಟಬೇಕೆಂಬ ಒತ್ತಡ ಕಡಿಮೆಯಾಗುತ್ತದೆ. ದುಡಿಯುವ ಕೈಗಳು ಹೋದ ಮೇಲೆ ಬೆಟ್ಟದ ಹೊಲ ಬೀಳು ಬೀಳುತ್ತದೆ. ಮಂಗಳೂರು, ಉಡುಪಿ, ಭಟ್ಕಳದ ಮನೆಗಳಿಗೆ ಗಲ್ಫ್ ದುಡ್ಡಿನ ಈ ಎರಡು ಮುಖಗಳೂ ಗೊತ್ತು. 1990ರಲ್ಲಿ ಕುವೈತ್ ಮೇಲೆ ಇರಾಕ್ ದಾಳಿ ಮಾಡಿದಾಗ ನಮ್ಮವರೂ ಕೆಲಸ ಬಿಟ್ಟು ಬರಬೇಕಾಯಿತು, ತೈಲ ತುಟ್ಟಿಯಾಯಿತು, ಭಾರತದ ವಿದೇಶಿ ವಿನಿಮಯ ಕರಗಿತು.

ತಪ್ಪು ಕಲ್ಪನೆ 5: ಐಎಂಎಫ್ ಸಾಲ ಸಿಕ್ಕಿತೆಂದರೆ ಕಂಟಕ ಕಳೆಯಿತು

ಸತ್ಯ: ಅಂತರರಾಷ್ಟ್ರೀಯ ಹಣಕಾಸು ನಿಧಿಯ (ಐಎಂಎಫ್) ಸಾಲ ಕೊಂಡು ತರುವುದು ಸಮಯವನ್ನು ಮಾತ್ರ. ಆ ಸಮಯದಲ್ಲಿ ಏನು ಮಾಡಿದಿರಿ ಎಂಬುದರ ಮೇಲೆ ಉಳಿದದ್ದು ನಿಂತಿದೆ. 1991ರಲ್ಲಿ ಭಾರತ ಸುಮಾರು 47 ಟನ್ ಚಿನ್ನವನ್ನು ಹೊರದೇಶಕ್ಕೆ ಸಾಗಿಸಿ ಅಡವಿಟ್ಟು ಸಾಲ ತಂದಿತು, ಐಎಂಎಫ್ ಬಳಿಗೂ ಹೋಯಿತು. ಆಮೇಲೆ ಆಮದು, ಕೈಗಾರಿಕೆ, ರೂಪಾಯಿ ಮೌಲ್ಯದ ನೀತಿಗಳನ್ನೇ ಬದಲಿಸಿತು. 2000ದ ಹೊತ್ತಿಗೆ ಆ ಸಾಲ ತೀರಿತು, ಮತ್ತೆ ಅತ್ತ ಹೋಗುವ ಪ್ರಸಂಗ ಬರಲಿಲ್ಲ. ಪಾಕಿಸ್ತಾನ ಇದುವರೆಗೆ 20ಕ್ಕೂ ಹೆಚ್ಚು ಸಲ ಐಎಂಎಫ್ ಬಾಗಿಲು ತಟ್ಟಿದೆ. 2024ರ ಸೆಪ್ಟೆಂಬರ್‌ನಲ್ಲಿ ಮಂಜೂರಾದದ್ದು 700 ಕೋಟಿ ಡಾಲರ್. ತೆರಿಗೆ ಕಟ್ಟಬಲ್ಲವರು ತೆರಿಗೆ ವ್ಯಾಪ್ತಿಯ ಹೊರಗೇ ಉಳಿಯುವುದು, ರಫ್ತು ಬೆಳೆಯದಿರುವುದು, ಇವೆರಡನ್ನೂ ಸರಿಪಡಿಸದೆ ಪ್ರತಿ ಸಾಲವೂ ಮುಂದಿನ ಸಾಲಕ್ಕೆ ದಾರಿಯಾಗಿದೆ. ಅದರ ಮೇಲೆ 2022ರ ಪ್ರವಾಹ 3 ಕೋಟಿ 30 ಲಕ್ಷ ಜನರ ಬದುಕನ್ನು ಕದಡಿತು.

ಅದೇ ಐಎಂಎಫ್ ಸಾಲ ಪಡೆದ ಶ್ರೀಲಂಕಾ ಬೇರೆ ದಾರಿ ಹಿಡಿದಂತಿದೆ. 2022ರಲ್ಲಿ ಶೇ 7ಕ್ಕೂ ಹೆಚ್ಚು ಕುಗ್ಗಿದ್ದ ಆರ್ಥಿಕತೆ 2024ರಲ್ಲಿ ಶೇ 5ರಷ್ಟು ಬೆಳೆಯಿತು. ಅದಕ್ಕಾಗಿ ವ್ಯಾಟ್ ಶೇ 18ಕ್ಕೆ ಏರಿತು, ಕರೆಂಟ್ ಬಿಲ್ ಏರಿತು. 2019ರಲ್ಲಿ ಬಿಟ್ಟುಕೊಟ್ಟ ತೆರಿಗೆಯನ್ನು ಜನ ಈಗ ಕಷ್ಟಕಾಲದಲ್ಲಿ ತುಂಬಿಕೊಡುತ್ತಿದ್ದಾರೆ.

ನಮಗೇನು ಸಂಬಂಧ?

ಕೊಡಗು, ಚಿಕ್ಕಮಗಳೂರಿನ ಕಾಳುಮೆಣಸಿನ ಬೆಳೆಗಾರರನ್ನು ಕೇಳಿ. ಶ್ರೀಲಂಕಾ ಜೊತೆಗಿನ ಮುಕ್ತ ವ್ಯಾಪಾರ ಒಪ್ಪಂದದ ಮರೆಯಲ್ಲಿ ವಿಯೆಟ್ನಾಂ ಮೆಣಸು ಒಳಗೆ ಬರುತ್ತಿದೆ ಎಂದು ಅವರು ಕೂಗಿ ಹೇಳಿದ ಮೇಲೆ, 2017ರ ಡಿಸೆಂಬರ್‌ನಲ್ಲಿ ಕೇಂದ್ರ ಸರ್ಕಾರ ಕಿಲೋಗೆ 500 ರೂಪಾಯಿಯ ಕನಿಷ್ಠ ಆಮದು ಬೆಲೆ ಗೊತ್ತುಮಾಡಿತು. ನೆರೆಯವರೊಂದಿಗಿನ ವ್ಯಾಪಾರ ಹೀಗೆ ಅನುಮಾನದಲ್ಲೇ ನಡೆದರೆ ಅದು ಬೆಳೆಯುವುದಿಲ್ಲ. ದಕ್ಷಿಣ ಏಷ್ಯಾದ ದೇಶಗಳ ಒಟ್ಟು ವ್ಯಾಪಾರದಲ್ಲಿ ತಮ್ಮತಮ್ಮೊಳಗಿನದು ಸುಮಾರು ಶೇ 5 ಮಾತ್ರ. ಈ ದೇಶಗಳ ಒಕ್ಕೂಟವಾದ ಸಾರ್ಕ್‌ನ ಶೃಂಗಸಭೆ ಕೊನೆಯ ಬಾರಿ ಸೇರಿದ್ದು 2014ರಲ್ಲಿ.

ಆದರೂ ಭರವಸೆಯ ಗೆರೆಯೊಂದು ಕಾಣುತ್ತಿದೆ. ನೇಪಾಳದ ನದಿಗಳಲ್ಲಿ ಹುಟ್ಟಿದ 40 ಮೆಗಾವಾಟ್ ವಿದ್ಯುತ್ ಭಾರತದ ತಂತಿಗಳ ಮೂಲಕ ಬಾಂಗ್ಲಾದೇಶ ಮುಟ್ಟಲು ಒಪ್ಪಂದವಾಗಿ, 2024ರ ನವೆಂಬರ್‌ನಲ್ಲಿ ಮೊದಲ ಹರಿವು ನಡೆಯಿತು. ಪ್ರಮಾಣ ಚಿಕ್ಕದು. ಆದರೆ ನೇಪಾಳಕ್ಕೆ ಅದು ತನ್ನ ಮಕ್ಕಳನ್ನು ಹೊರಗೆ ಕಳಿಸದೆ ಗಳಿಸಿದ ಹಣ, ಬಾಂಗ್ಲಾದೇಶಕ್ಕೆ ಕಾರ್ಖಾನೆ ನಡೆಸುವ ಶಕ್ತಿ, ನಮಗೆ ಮಧ್ಯದಲ್ಲಿ ನಿಂತು ಇಬ್ಬರ ವಿಶ್ವಾಸ ಗಳಿಸುವ ಅವಕಾಶ. ಮುಂದಿನ ಸಲ ಯಾವುದೇ ದೇಶದ, ನಮ್ಮದೇ ರಾಜ್ಯದ ಬೆಳವಣಿಗೆ ದರ ಪತ್ರಿಕೆಯಲ್ಲಿ ಕಂಡಾಗ ಅಲ್ಲಿಗೇ ಓದು ನಿಲ್ಲಿಸದಿರೋಣ. ತೆರಿಗೆ ಬರುತ್ತಿದೆಯೇ, ಡಾಲರ್ ದುಡಿಯುತ್ತಿದ್ದೇವೆಯೇ, ಓದಿದ ಮಕ್ಕಳಿಗೆ ಊರಿನಲ್ಲೇ ಕೆಲಸವಿದೆಯೇ ಎಂದು ಕೇಳೋಣ. ಕೊಲಂಬೊ, ಢಾಕಾ, ಕಠ್ಮಂಡುವಿನ ಜನ ಬೀದಿಗಿಳಿದು ಕೇಳಬೇಕಾಗಿ ಬಂದ ಪ್ರಶ್ನೆಗಳು ಇವೇ.