ಬಿತ್ತಿದವನೇ ಎಡೆಕುಂಟೆ ಹೊಡೆದಾಗ

ಕೂರಿಗೆ ಹಿಡಿದು ಬಿತ್ತಿದವನೇ ಎಡೆಕುಂಟೆ ಹೊಡೆದರೆ ಸಾಲು ತಪ್ಪೋದಿಲ್ಲ. ಇದು ನಮ್ಮ ರೈತರಿಗೆ ಗೊತ್ತಿರೋ ಮಾತು. ಸಿನಿಮಾ ಹೊಲದಲ್ಲಿ ಹಾಗೆ ದುಡಿದವರು ಕಲ್ಕತ್ತೆಯ ಸತ್ಯಜಿತ್ ರಾಯ್ (1921–1992). ನಿರ್ದೇಶಕರೆಂದು ಅವರ ಹೆಸರು ಎಲ್ಲರೂ ಕೇಳಿದ್ದಾರೆ. ಕ್ಯಾಮೆರಾ ಹಿಡಿದ ಕೈಯಲ್ಲೇ ಸಂಗೀತವನ್ನೂ ಬರೆದರು ಅನ್ನೋದು ಅನೇಕರಿಗೆ ತಿಳಿಯದು.

ರಾಯ್ ಜಾಹೀರಾತು ಕಂಪನಿಯೊಂದರ ನೌಕರ. 1952ರಲ್ಲಿ ‘ಪಥೇರ್ ಪಾಂಚಾಲಿ’ ಶುರು ಮಾಡಿದಾಗ ಕೈಯಲ್ಲಿ ಕಾಸಿಲ್ಲ. ವಿಮೆ ಪಾಲಿಸಿ ಮೇಲೆ ಸಾಲ ತೆಗೆದರು, ಹೆಂಡತಿಯ ಒಡವೆ ಅಡವಿಗೆ ಹೋಯಿತು. ಕೊನೆಗೆ ಪಶ್ಚಿಮ ಬಂಗಾಳ ಸರ್ಕಾರ ಹಣ ಕೊಟ್ಟ ಮೇಲೆ, 1955ರಲ್ಲಿ ಚಿತ್ರ ತೆರೆ ಕಂಡಿತು. ಸಂಗೀತ ರವಿಶಂಕರ್ ಅವರದು. ಅವರಿಗೆ ಬಿಡುವಿಲ್ಲದೆ ಒಂದೇ ರಾತ್ರಿ ಧ್ವನಿಮುದ್ರಣ ಮುಗಿಯಿತು. ಉಳಿದುಹೋದ ಒಂದು ತುಣುಕಿಗೆ ಸಿತಾರ್ ನುಡಿಸಿದ್ದು ಯಾರು ಗೊತ್ತೆ? ಆ ಚಿತ್ರದ ಕ್ಯಾಮೆರಾಮನ್ ಸುಬ್ರತಾ ಮಿತ್ರ!

ಮುಂದೆ ವಿಲಾಯತ್ ಖಾನ್, ಅಲಿ ಅಕ್ಬರ್ ಖಾನ್ ಕೂಡ ರಾಯ್ ಚಿತ್ರಗಳಿಗೆ ಸಂಗೀತ ಕೊಟ್ಟರು. ದೊಡ್ಡ ಉಸ್ತಾದರಿಗೆ ‘ಇಲ್ಲಿ ಇಷ್ಟೇ ಸಾಕು’ ಅನ್ನೋದು ಹೇಗೆ? ರಾಯ್ ತಲೆಯಲ್ಲೇ ರಾಗಗಳು ಹುಟ್ಟುತ್ತಿದ್ದವು. 1961ರ ‘ತೀನ್ ಕನ್ಯಾ’ದಿಂದ ತಮ್ಮ ಚಿತ್ರಗಳಿಗೆ ತಾವೇ ಸಂಗೀತ ಬರೆದರು.

1964ರ ‘ಚಾರುಲತಾ’ದ ಹೊತ್ತಿಗೆ ಕ್ಯಾಮೆರಾ ನಡೆಸೋ ಕೆಲಸವನ್ನೂ ತಾವೇ ಹಿಡಿದರು. ಬೆಳಕಿನ ಜವಾಬ್ದಾರಿ ಸುಬ್ರತಾ ಮಿತ್ರರದೇ. ಅದರಲ್ಲಿ ಚಾರು ಉಯ್ಯಾಲೆ ಆಡುತ್ತಾಳೆ. ಅವಳ ಮುಖ ನಮ್ಮೆದುರೇ ನಿಂತಿರುತ್ತೆ, ಹಿಂದಿನ ತೋಟ ತೂಗುತ್ತೆ. ಅವಳು ಗುನುಗೋದು ಟಾಗೋರರ ಹಾಡು. ಅದರ ಧಾಟಿ ಸ್ಕಾಟ್ಲೆಂಡಿನದು. ಉಯ್ಯಾಲೆಯ ಲಯ, ಹಾಡಿನ ಲಯ ಎರಡೂ ಒಂದೇ ಆಗಿಬಿಡುತ್ತವೆ.

ನಮ್ಮ ದಕ್ಷಿಣದವರಿಗೆ ಇನ್ನೂ ಹತ್ತಿರದ್ದು 1969ರ ‘ಗೂಪಿ ಗಾಯ್ನೆ ಬಾಘಾ ಬಾಯ್ನೆ’. ಅದರ ದೆವ್ವಗಳ ಕುಣಿತಕ್ಕೆ ಮಾತಿಲ್ಲ, ಹಾಡಿಲ್ಲ. ಇರೋದು ಕರ್ನಾಟಕ ಸಂಗೀತ ಕಛೇರಿಯ ತಾಳವಾದ್ಯ. ರಾಜ ದೆವ್ವಗಳಿಗೆ ಮೃದಂಗ, ರೈತ ದೆವ್ವಗಳಿಗೆ ಖಂಜಿರ, ಬಿಳಿ ದೊರೆಗಳಿಗೆ ಘಟ, ಡೊಳ್ಳುಹೊಟ್ಟೆಯವರಿಗೆ ಮೋರ್ಚಿಂಗ್! ಸತ್ತ ಮೇಲೂ ಜಾತಿ, ಅಂತಸ್ತು ಬಿಡಲಿಲ್ಲವಲ್ಲ ಎಂದು ನಗು ಬರುತ್ತೆ. ಆಮೇಲೆ ನಾಲ್ಕೂ ಗುಂಪು ಹೊಡೆದಾಡಿಕೊಳ್ಳುತ್ತವೆ. ಆಗ ಆ ನಗು ಗಂಟಲಲ್ಲೇ ನಿಲ್ಲುತ್ತೆ.

‘ಅಶನಿ ಸಂಕೇತ್’ (1973) ಮತ್ತು ‘ಹೀರಕ್ ರಾಜಾರ್ ದೇಶೆ’ (1980) ಚಿತ್ರಗಳ ಸಂಗೀತಕ್ಕೆ ಅವರಿಗೆ ರಾಷ್ಟ್ರಪ್ರಶಸ್ತಿ ಬಂತು. 1983ರಲ್ಲಿ ಹೃದಯಾಘಾತವಾಗಿ, ಕ್ಯಾಮೆರಾ ಮಗ ಸಂದೀಪನ ಕೈಗೆ ಹೋಯಿತು. ಸಂಗೀತ ಮಾತ್ರ ಬಿಡಲಿಲ್ಲ. 1991ರ ಕೊನೇ ಚಿತ್ರ ‘ಆಗಂತುಕ್’ಗೂ ಅವರದೇ ಸಂಗೀತ.

ಬಂಗಾಳದ ಹಾಡು, ಪಶ್ಚಿಮದ ಪಿಯಾನೋ, ದಕ್ಷಿಣದ ಘಟ ಇವನ್ನೆಲ್ಲ ಒಂದೇ ಮನೆಯಲ್ಲಿ ಕೂಡಿಸಿದರೂ ಯಾವುದೂ ಕೆಡಲಿಲ್ಲ. ಮನೆಯಲ್ಲೊಂದು ಮಾತು, ಸಂತೆಯಲ್ಲೊಂದು ಮಾತು ಆಡೋ ನಮಗೆ ಇದೇನು ಹೊಸದಲ್ಲ. ಆದರೆ ಎರಡೂ ಬಲ್ಲೆ ಅನ್ನೋದು ಸಾಲದು. ಎಲ್ಲಿ ಯಾವುದು ಬೇಕು, ಎಲ್ಲಿ ಸುಮ್ಮನಿರಬೇಕು ಅನ್ನೋದು ಸಾಲು ನೋಡಿಕೊಂಡು ನಡೆದವನಿಗೇ ತಿಳಿಯೋದು.